ಒತ್ತದೇ ಉಳಿದ ಗುಂಡಿ

ಎರಡು ಮುಖದವನು ಅಂತ ಯಾರಾದರೂ ಬೈದರೆ ನನಗೆ ಬೇಸರವಿಲ್ಲ. ನಾನು ಹುಟ್ಟಿದ್ದೇ ಹಾಗೆ. ಚೆಸ್ ಆಡುವವರ ಮಗ್ಗುಲಲ್ಲಿ ಇಡುವ ಗಡಿಯಾರ ನಾನು. ಒಂದೇ ಮರದ ಪೆಟ್ಟಿಗೆ, ಒಳಗೆ ಅಕ್ಕಪಕ್ಕ ಎರಡು ಮುಖ, ನೆತ್ತಿಯ ಮೇಲೆ ಎರಡು ಗುಂಡಿ. ಕಾಯಿ ನಡೆಸಿ ನಿಮ್ಮ ಗುಂಡಿ ಒತ್ತಿದರೆ ನಿಮ್ಮ ಮುಖ ನಿಲ್ಲುತ್ತದೆ, ಎದುರಾಳಿಯದು ಓಡುತ್ತದೆ. ಒತ್ತದಿದ್ದರೆ ನಿಮ್ಮ ಹೊತ್ತೇ ಸೋರುತ್ತಿರುತ್ತದೆ. ಹೊತ್ತು ತೀರಿದಾಗ ಹನ್ನೆರಡರ ಪಕ್ಕದ ಕೆಂಪು ಬಾವುಟ ಬೀಳುತ್ತದೆ. ಬಾವುಟ ಬಿದ್ದವನು ಸೋತ. ನನಗೆ ಕಾಲಿಲ್ಲ, ಇರುವುದೆಲ್ಲ ಕಾಲವೇ.

ಪುಣೆಯ ಒಂದು ಸಣ್ಣ ಕಾರ್ಖಾನೆಯಲ್ಲಿ ನನ್ನ ಹುಟ್ಟು. ಅಲ್ಲಿಯ ಮಿಸ್ತ್ರಿ ನನ್ನ ಎರಡು ಮುಖಗಳಿಗೂ ಕಿವಿ ಇಟ್ಟು, ಎರಡೂ ಒಂದೇ ವೇಗದಲ್ಲಿ ಓಡುವವರೆಗೆ ಸ್ಕ್ರೂ ತಿರುಗಿಸುತ್ತಲೇ ಇದ್ದ. ಆಮೇಲೆ ಹುಲ್ಲಿನಲ್ಲಿ ಸುತ್ತಿಸಿಕೊಂಡು ಗೂಡ್ಸ್ ಗಾಡಿಯಲ್ಲಿ ಹುಬ್ಬಳ್ಳಿಗೆ ಬಂದೆ. ಹೊಲಿಗೆ ಅಂಗಡಿಯ ಮೇಲಿನ ಕೋಣೆಯೊಂದರಲ್ಲಿ ಚದುರಂಗ ಮಂಡಳ. ಕೆಳಗೆ ಮಷಿನ್ನಿನ ಕಟಕಟ, ಮೇಲೆ ನನ್ನ ಟಿಕ್‌ಟಿಕ್, ನಡುವೆ ಅಧ್ಯಕ್ಷ ಪಾವಟೆ ವಕೀಲರ ಮಾತು. "ನಾ ಹೇಳೂದು ಏನಂದ್ರ," ಎಂದು ಶುರು ಮಾಡಿದರೆ ಏನು ಹೇಳುವುದಿತ್ತೆಂದು ಅವರಿಗೇ ಮರೆಯುವವರೆಗೆ ಹೇಳುತ್ತಿದ್ದರು.

ಗುಂಡಿ ಒತ್ತುವ ರೀತಿಯಲ್ಲೇ ಮನುಷ್ಯನ ಜಾತಕ ಇರುತ್ತದೆ. ವಕೀಲರು ನ್ಯಾಯಾಧೀಶರ ಸುತ್ತಿಗೆಯ ಹಾಗೆ ಧಡ್ ಎಂದು ಒತ್ತುವವರು, ಕೋರ್ಟಿನಲ್ಲಿ ಆಗದ ಆಸೆ ನನ್ನ ನೆತ್ತಿಯ ಮೇಲೆ ತೀರುತ್ತಿತ್ತು. ಹೋಮಿಯೋಪಥಿ ಡಾಕ್ಟರು ಗುಳಿಗೆ ಬೀಳಿಸುವಷ್ಟು ಮೆಲ್ಲಗೆ ಒತ್ತುತ್ತಿದ್ದರು, ಎಷ್ಟೋ ಸಲ ತಾಗುತ್ತಲೇ ಇರಲಿಲ್ಲ. ದತ್ತೋಪಂತ ಮುಧೋಳರದು ಮಾತ್ರ ಟಿಕೆಟ್ಟಿನ ಮೇಲೆ ತಾರೀಖು ಒತ್ತಿದ ಹಾಗೆ ಟಕ್ ಎಂಬ ಒಂದೇ ಪೆಟ್ಟು.

ಮುಧೋಳರು ರೈಲ್ವೆಯಲ್ಲಿ ಬುಕಿಂಗ್ ಕ್ಲಾರ್ಕು, ರಾಜ್ಯದ ಮಾಜಿ ಚಾಂಪಿಯನ್ನು. ಫೋಟೋ, ಕಪ್ಪು, ಶಾಲು ಎಲ್ಲ ಕಂಡವರು. ಆದರೆ ರಾಷ್ಟ್ರೀಯ ಪಂದ್ಯಾವಳಿಗೆ ಆಯ್ಕೆಯಾಗುವ ಹೊತ್ತಿಗೆಲ್ಲ ಒಂದಲ್ಲ ಒಂದು ಕೊನೆಯ ಆಟದಲ್ಲಿ ಎಡವುತ್ತಿದ್ದರು. "ನಾನು ಪ್ಲಾಟ್‌ಫಾರ್ಮ್ ಟಿಕೆಟ್ ಗಿರಾಕಿ. ಗಾಡಿ ನೋಡತೀನಿ, ಹತ್ತೂದಿಲ್ಲ," ಎಂದು ತಾವೇ ನಗುತ್ತಿದ್ದರು.

ಅವರ ಬಳಿ ಕಲಿಯಲು ಬಂದವಳು ಇಂದುಮತಿ ಹಂಚಿನಾಳ. ಫ್ರಾಕಿನಲ್ಲಿ ಬಂದವಳು ಕಾಲೇಜು ಮುಗಿಸುವಷ್ಟರಲ್ಲಿ ಮಂಡಳದ ಗಂಡಸರನ್ನೆಲ್ಲ ಸೋಲಿಸಿದ್ದಳು, ಮುಧೋಳರೊಬ್ಬರನ್ನು ಬಿಟ್ಟು. ಆಟದ ಜೊತೆ ಆಟಗಾರರ ಆಟಗಳನ್ನೂ ಅವರು ಕಲಿಸಿದ್ದರು.

"ಇಂದೂ, ಎದುರಿನಾಂವ ಗುಂಡಿ ಒತ್ತೂದು ಮರತಾ ಅಂದ್ರ ನೀ ಗಡಿಯಾರದ ಕಡೆ ನೋಡಬ್ಯಾಡ. ಬೋರ್ಡ್ ನೋಡು. ಹಣಿ ಗಂಟು ಹಾಕು. ಮನಿ ಮುಳಗಿದಾಂಗ ವಿಚಾರ ಮಾಡು."

"ಮೋಸ ಅಲ್ಲೇನ್ರಿ ಸರ್ ಅದು?"

"ಯಾವ ನಿಯಮದಾಗ ಬರದಾರ? ಅವನ ಹೊತ್ತು, ಅವನ ಹೊಣಿ."

ಆಮೇಲೆ ಗಲ್ಲಕ್ಕೆ ಕೈ ಕೊಟ್ಟು, ಕಣ್ಣು ಅರ್ಧ ಮುಚ್ಚಿ, ಕಲ್ಲಾಗಿ ಕೂತು ತೋರಿಸಿದ್ದರು. ರಾಜ್ಯದ ಒಂದು ಕಪ್ಪನ್ನು ಅವರು ಗೆದ್ದದ್ದು ಆ ನಟನೆಯಿಂದಲೇ. ಇಂದುಮತಿ ಅವರನ್ನು ಅಣಕಿಸಿ ಕೂತಾಗ ಇಡೀ ಮಂಡಳ ಹೊಟ್ಟೆ ಹಿಡಿದು ನಕ್ಕಿತ್ತು.

ಮುಧೋಳರು ನಿವೃತ್ತರಾಗುವ ವರ್ಷ ಆಯ್ಕೆ ಪಂದ್ಯಾವಳಿ ಹುಬ್ಬಳ್ಳಿಯಲ್ಲೇ ನಡೆಯಿತು. ಮಂಡಳದ ಗಡಿಯಾರಗಳೆಲ್ಲ ಕಲ್ಯಾಣ ಮಂಟಪಕ್ಕೆ ಹೋದೆವು. ಕೊನೆಯ ಸುತ್ತಿನಲ್ಲಿ ಗುರುವಿನ ಎದುರು ಶಿಷ್ಯೆ. ಗೆದ್ದವರು ರಾಷ್ಟ್ರೀಯಕ್ಕೆ, ಸೋತವರು ಮನೆಗೆ. ಇಬ್ಬರ ನಡುವೆ ನಾನು.

"ಇವತ್ತ ಗಾಡಿ ಹತ್ತತೀನಿ, ಇಂದೂ."

"ಸೀಟ್ ಒಂದೇ ಅದ ರೀ ಸರ್," ಎಂದಳು ಅವಳು.

ಆಟ ಅರ್ಧ ದಾಟಿದ ಮೇಲೆ ಮುಧೋಳರು ಆನೆಯನ್ನು ಮುಂದಕ್ಕೆ ನಡೆಸಿದರು. ಒಳ್ಳೆಯ ನಡೆ, ಸುತ್ತ ನಿಂತವರ ಹುಬ್ಬೇರಿದ್ದನ್ನು ಕಂಡೆ. ಟಕ್ ಎಂಬ ಪೆಟ್ಟಿಗೆ ನಾನು ತಯಾರಾದೆ. ಕಾಯಿ ನಡೆಸಿದ ಕೈಯಿಂದಲೇ ಗುಂಡಿ ಒತ್ತಬೇಕು, ಅದು ನಿಯಮ. ಅವರ ಬಲಗೈ ಆನೆಯನ್ನು ಬಿಟ್ಟು ನನ್ನ ಕಡೆ ಎದ್ದಿತು, ಅರ್ಧ ದಾರಿ ಬಂತು, ಅಲ್ಲೇ ಜೋತು ತೊಡೆಯ ಮೇಲೆ ಬಿತ್ತು. ಎಲ್ಲರ ಕಣ್ಣು ಆಗ ಆನೆಯ ಮೇಲಿತ್ತು. ಅವರ ಎಡಗೈ ಮಾತ್ರ ಗಲ್ಲದಲ್ಲೇ ಉಳಿಯಿತು. ಅದು ನಿಯಮಕ್ಕೆ ಅಂಜಿತೋ, ಮೆದುಳೇ ಕೈಕೊಟ್ಟಿತ್ತೋ, ತಿಳಿಯದು.

ನಾನು ಓಡುತ್ತಿದ್ದದ್ದು ಅವರ ಮುಖದಲ್ಲಿ.

ಇಂದುಮತಿ ಬೋರ್ಡಿನಿಂದ ತಲೆ ಎತ್ತಿ ನನ್ನನ್ನು ನೋಡಿದಳು. ಗುಂಡಿ ಒತ್ತಿಲ್ಲ ಎಂಬುದು ಕಂಡಿತು. ಕೂಡಲೇ ಕಣ್ಣು ಕೆಳಗಿಳಿಸಿ ಹಣೆ ಗಂಟು ಹಾಕಿದಳು. ಎದುರಿಗೆ ಗುರುಗಳು ಗಲ್ಲಕ್ಕೆ ಕೈ ಕೊಟ್ಟು, ಕಣ್ಣು ಅರ್ಧ ಮುಚ್ಚಿ ಕೂತಿದ್ದರು. ಅವರದು ಯಾವ ಹೂಟವೋ ಎಂದು ಅವಳು, ಮುದುಕ ಮರೆತ ಎಂದು ಸುತ್ತಲಿನವರು ಅಂದುಕೊಂಡರು. ಪಾವಟೆ ವಕೀಲರು ಪಕ್ಕದವರ ತೋಳು ತಿವಿದು ನನ್ನ ಕಡೆ ಕಣ್ಣು ಹಾರಿಸಿದರು. ಆಡುವವರಿಗೆ ಹೊರಗಿನವರು ಏನೂ ಹೇಳುವಂತಿಲ್ಲ. ತೀರ್ಪುಗಾರರು ಬಂದರು, ನನ್ನನ್ನು ನೋಡಿದರು, ಕೈ ಹಿಂದೆ ಕಟ್ಟಿ ಮುಂದಿನ ಮೇಜಿಗೆ ಹೋದರು. ಅವರೂ ಹೇಳುವಂತಿಲ್ಲ.

ಮುಧೋಳರ ಬಾಯಿಯ ಒಂದು ತುದಿ ಜಾರುತ್ತಿದ್ದದ್ದು ಕೆಳಗಿದ್ದ ನನಗೆ ಕಾಣುತ್ತಿತ್ತು. ಗಲ್ಲಕ್ಕೆ ಕೊಟ್ಟ ಕೈಯ ಬೆರಳುಗಳು ಬಾಯಿಯ ಮೇಲೆ ಹರಡಿ ಅದನ್ನು ಉಳಿದವರಿಂದ ಮುಚ್ಚಿದ್ದವು. ಕಣ್ಣು ಮಾತ್ರ ಗುಂಡಿಯ ಮೇಲೆಯೇ ಇತ್ತು. ನಾನು ಓಡಿದೆ. ನನಗೆ ಬೇರೆ ಏನೂ ಬರುವುದಿಲ್ಲ.

ಕೊನೆಗೆ ಬಾವುಟ ಬಿತ್ತು.

"ಫ್ಲ್ಯಾಗ್ ರೀ ಸರ್," ಎಂದಳು ಇಂದುಮತಿ ಮೆಲ್ಲಗೆ. ನಗು ತಡೆದುಕೊಂಡು ಕೈ ಚಾಚಿದಳು. ಆ ಕಡೆಯಿಂದ ಕೈ ಬರಲಿಲ್ಲ. "ಸರ್, ಸಿಟ್ಟಾದ್ರೇನ್ರಿ?" ಎಂದು ಬಗ್ಗಿ ನೋಡಿದಾಗ ಅವರ ಅಂಗಿಯ ಮೇಲೆ ಜೊಲ್ಲು ಇಳಿದಿತ್ತು.

ಲಕ್ವ ಹೊಡೆದಿತ್ತು. ಆಸ್ಪತ್ರೆಯಲ್ಲಿ ಕೆಲವು ದಿನ ಇದ್ದರಂತೆ, ಮಾತಿಲ್ಲದೆ. ಇನ್ನಷ್ಟು ಬೇಗ ತಂದಿದ್ದರೆ ಉಳಿಯುತ್ತಿದ್ದರು ಎಂದು ಅಲ್ಲಿಯ ಡಾಕ್ಟರು ಹೇಳಿದರಂತೆ. ಮುಧೋಳರ ಹೆಂಡತಿ ಯಮುನಾಬಾಯಿ ಅಳಲಿಲ್ಲ, ಬೈಯಲಿಲ್ಲ. ಶ್ರದ್ಧಾಂಜಲಿಗೆ ಮಂಡಳಕ್ಕೆ ಬಂದವರು ಇಂದುಮತಿಯನ್ನು ನೋಡಿ ಒಂದೇ ಮಾತು ಕೇಳಿದರು. "ನೀ ಎದುರಿಗೇ ಕೂತಿದ್ದಿ ಅಲ್ಲವಾ?"

ಪಾವಟೆ ವಕೀಲರು ಎರಡು ನಿಮಿಷ ಮೌನ ಎಂದು ಘೋಷಿಸಿ, ಅಳತೆಗೆ ನನ್ನನ್ನೇ ಮೇಜಿನ ಮೇಲೆ ತಂದಿಟ್ಟರು. ಇಂದುಮತಿ ನಡುವೆಯೇ ಎದ್ದು ಹೊರಗೆ ಹೋದಳು.

ರಾಷ್ಟ್ರೀಯಕ್ಕೂ ಹೋದಳು. ಅಲ್ಲಿ ಎದುರಾಳಿಯೊಬ್ಬ ಗುಂಡಿ ಒತ್ತಲು ಮರೆತಾಗ "ನಿಮ್ಮ ಗಡಿಯಾರ ರೀ" ಎಂದಳಂತೆ. ಅವನು ಒತ್ತಿ, ಗೆದ್ದು, ಥ್ಯಾಂಕ್ಸ್ ಹೇಳಿದ. ಆಮೇಲೆ ಬೋರ್ಡಿಗಿಂತ ಎದುರಿನ ಮುಖ ನೋಡುವುದೇ ಅವಳಿಗೆ ಹೆಚ್ಚಾಯಿತು. ಯಾರಾದರೂ ಗಲ್ಲಕ್ಕೆ ಕೈ ಕೊಟ್ಟರೆ "ಆರಾಮ ಅದೀರೇನ್ರಿ?" ಎಂದು ಕೇಳುವಳು. ತಪಸ್ಸು ಕೆಡಿಸುತ್ತಾಳೆ ಎಂದು ದೂರು ಹೋಯಿತು. ರೇಟಿಂಗ್ ಇಳಿಯಿತು, ಒಂದು ದಿನ ಆಟವೇ ನಿಂತಿತು.

ಮುಂದೆ ಬ್ಯಾಟರಿ ಗಡಿಯಾರಗಳು ಬಂದವು. ಅಂಕಿ ಮಾತ್ರ ತೋರಿಸುವ, ಮುಖವೇ ಇಲ್ಲದ ಮಂದಿ. ನಮ್ಮನ್ನು ಗುಜರಿಗೆ ಹಾಕುವ ದಿನ ಇಂದುಮತಿ ಮಂಡಳಕ್ಕೆ ಬಂದಳು. ಗುಜರಿಯ ಚೀಲದಿಂದ ನನ್ನನ್ನೇ ಆರಿಸಿ ಮೇಜಿನ ಮೇಲಿಟ್ಟು ವಕೀಲರ ಕಡೆ ತಿರುಗಿದಳು.

"ಪಾವಟೆ ಸರ್, ಒಂದು ಕೇಳತೀನಿ. ಅವರು ಗುಂಡಿ ಒತ್ತೂದು ಮರತಿದ್ರೋ, ಒತ್ತಲಿಕ್ಕೆ ಆಗಲಿಲ್ಲೋ? ಮೊದಲು ಮರತು ಆಮ್ಯಾಲೆ ಜಡ್ಡಾಗಿದ್ರ ನಾ ಸುಮ್ಮನ ಕೂತಿದ್ದು ಆಟ. ಮೊದಲಿಗೇ ಕೈ ಸೋತಿತ್ತು ಅಂದ್ರ..."

"ನಾ ಹೇಳೂದು ಏನಂದ್ರ," ಎಂದು ವಕೀಲರು ಬಾಯಿ ತೆರೆದರು. ಈ ಸಲ ಮೂರೇ ಮಾತಿನಲ್ಲಿ ಮುಗಿಸಿದರು. "ವಯಸ್ಸಾಗಿತ್ತವಾ. ಮರತಿದ್ರು. ಎಲ್ಲಾರೂ ನೋಡೇವಿ."

ಅವಳು ತಲೆಯಾಡಿಸಿದಳು. ನನ್ನನ್ನು ಮತ್ತೆ ಗುಜರಿಯ ಚೀಲದಲ್ಲೇ ಇಟ್ಟು, ಸೆರಗು ಸರಿಮಾಡಿಕೊಂಡು, ಮೆಟ್ಟಿಲು ಇಳಿದು ಹೋದಳು.

ಈಗ ಗುಜರಿ ಅಂಗಡಿಯಲ್ಲಿ ಹಳೆಯ ಫ್ಯಾನುಗಳ ಕೆಳಗೆ ಬಿದ್ದಿದ್ದೇನೆ. ಕೀಲಿ ಕೊಡುವವರಿಲ್ಲ, ಎರಡು ಮುಖವೂ ನಿಂತಿವೆ. ಯಾರೂ ಕಾಣದ್ದನ್ನು ಕಂಡೆವೆಂದ ವಕೀಲರ ಸುಳ್ಳಿನಿಂದ ಅವಳಿಗೆ ಒಂದಿಷ್ಟು ನಿದ್ದೆ ಬಂದಿದ್ದರೆ ಬರಲಿ ಎಂದುಕೊಳ್ಳುತ್ತೇನೆ. ಆದರೆ ಕಂಡದ್ದನ್ನು ಕಂಡಿಲ್ಲ ಎನ್ನಲು ನನಗೆ ಬರುವುದಿಲ್ಲ. ಅವರು ಮರೆತಿರಲಿಲ್ಲ, ಇಂದೂ. ಕೈ ಎತ್ತಿದ್ದರು.