ಸಾಯದ ಮುನಿಶಾಮಿ

"ನೀನಿರೋವರ್ಗೂ ಕ್ಯಾಮೆರಾ ಮುಂದೆ ಸಾಯಲ್ಲ ಕಣಮ್ಮ" ಎಂದು ಮುನಿಶಾಮಿ ತಾಯಿ ಪಟಾಲಮ್ಮನ ತಲೆಯ ಮೇಲೆ ಕೈಯಿಟ್ಟು ಮಾತು ಕೊಟ್ಟು ಇಪ್ಪತ್ತಾರು ವರ್ಷವಾಗಿತ್ತು.

ಆಗ ಅವನ ಮೊದಲ ಸಿನಿಮಾ ಬಂದಿತ್ತು. ಹೀರೋನ ಮಚ್ಚಿಗೆ ಸಿಕ್ಕಿ ಸಾಯುವ ಮೂವರಲ್ಲಿ ಅವನು ಎರಡನೆಯವನು. ಕಗ್ಗದಾಸಪುರದಿಂದ ಒಂದು ಟೆಂಪೋ ತುಂಬ ಜನ ಹಲಸೂರಿನ ಟಾಕೀಸಿಗೆ ಬಂದಿದ್ದರು. ಮಗ ತೆರೆಯ ಮೇಲೆ ಬಿದ್ದದ್ದೇ ತಡ, ಪಟಾಲಮ್ಮ ಎದ್ದು ನಿಂತು ಎದೆ ಬಡಿದುಕೊಂಡಳು. ಅದೇ ಮಗ ಪಕ್ಕದ ಸೀಟಿನಿಂದ ಸೆರಗು ಹಿಡಿದು ಎಳೆಯುತ್ತಿದ್ದರೂ ಅವಳಿಗೆ ಸಮಾಧಾನವಾಗಲಿಲ್ಲ.

ಸಿನಿಮಾದವರಲ್ಲಿ ಒಂದು ಪದ್ಧತಿಯಿದೆ. ಹೆಣವಾದವನು ಹಾಗೇ ಎದ್ದು ಹೋಗುವಂತಿಲ್ಲ. ಕ್ಯಾಮೆರಾ ಓಡುತ್ತಿರುವಾಗಲೇ ಎದ್ದು ಕೂತು ಅದರ ಕಡೆ ನೋಡಿ ಒಮ್ಮೆ ನಗಬೇಕು. ಅಲ್ಲಿಗೆ ಅಶುಭ ಕಳೆಯಿತು.

"ನಾನೂ ನಕ್ಕೆ ಕಣಮ್ಮ."

"ನಾನು ನೋಡ್ಲಿಲ್ವಲ್ಲ."

"ಅದನ್ನ ಕತ್ತರಿಸಿ ಹಾಕ್ತಾರೆ."

"ಹಂಗಾದ್ರೆ ಊರಿಗೆಲ್ಲ ನೀನು ಸತ್ತಿದ್ದಷ್ಟೇ ಕಾಣೋದು. ಬೇಡಪ್ಪ."

ಅಂದಿನಿಂದ ಪಾತ್ರ ಒಪ್ಪುವ ಮುಂಚೆ ಅವನು ಒಂದೇ ಪ್ರಶ್ನೆ ಕೇಳುತ್ತಿದ್ದ: "ನಾನು ಉಳೀತೀನಾ?" ನಿರ್ದೇಶಕರು ಗೊಣಗಿಕೊಂಡೇ ಅವನನ್ನು ಜೈಲಿಗೆ ಹಾಕಿದರು, ಕಾಶಿಗೆ ಕಳಿಸಿದರು. ಒಂದು ಧಾರಾವಾಹಿಯಲ್ಲಿ ಅವನ ಲಾರಿ ಘಾಟಿಯಿಂದ ಉರುಳಿತು, ಹೆಣ ಸಿಗಲಿಲ್ಲ. ಮುನ್ನೂರ ಹನ್ನೆರಡನೇ ಕಂತಿಗೆ ಗಡ್ಡ ಬಿಟ್ಟುಕೊಂಡು ವಾಪಸ್ಸಾದ. ಪೇದೆ, ಬ್ರೋಕರ್, ಹೆಣ್ಣಿನ ಅಪ್ಪ, ವಿಲನ್ನಿನ ಡ್ರೈವರ್, ಏನು ಕೊಟ್ಟರೂ ಮಾಡಿದ. ಇಂದಿರಾನಗರದಲ್ಲಿ ಮೆಟ್ರೋ ಹತ್ತಿದರೆ ಹೆಸರು ಗೊತ್ತಿಲ್ಲದವರೂ ಮುಖ ಗುರುತು ಹಿಡಿಯುತ್ತಿದ್ದರು. "ಗುರು, ಸಾಯಲ್ವಲ್ಲ, ಆ ಪಾರ್ಟಿ ನೀವೇ ಅಲ್ವಾ?"

ಅವನಿಗೆ ತನ್ನ ಕೆಲಸ ಗೊತ್ತಿತ್ತು. ಎರಡು ಮಾತಿನ ಪಾತ್ರಕ್ಕೂ ಚಪ್ಪಲಿ ತಾನೇ ಆರಿಸುತ್ತಿದ್ದ. ಹೀರೋ ಮಾತಾಡುವಾಗ ಸುಮ್ಮನೆ ಕೇಳಿಸಿಕೊಳ್ಳುವುದರಲ್ಲಿ ತನ್ನಷ್ಟು ಗಟ್ಟಿಗ ಇನ್ನೊಬ್ಬನಿಲ್ಲ ಎಂಬುದು ಅವನದೇ ಅಭಿಪ್ರಾಯ. ಅದು ಸುಳ್ಳೂ ಅಲ್ಲ.

ಈ ವರ್ಷ ರಮ್ಯಶ್ರೀ ಎಂಬ ನಿರ್ದೇಶಕಿ ಒಂದು ವೆಬ್ ಸೀರೀಸಿನ ಕಥೆ ತಂದಳು. ರಸೆಲ್ ಮಾರುಕಟ್ಟೆಯ ಹೂವಿನ ವ್ಯಾಪಾರಿಯೊಬ್ಬನ ಕಥೆ. ಆ ವ್ಯಾಪಾರಿಯಾಗಿ ಮುನಿಶಾಮಿ ಮುಂದೆ, ಹೀರೋ ಅವನ ಹಿಂದೆ. ಕೊನೆಯಲ್ಲಿ ವ್ಯಾಪಾರಿ ಹೂವು ಕಟ್ಟುತ್ತ ಕೂತಲ್ಲೇ ಸಾಯುತ್ತಾನೆ. ಮಾತಿಲ್ಲ, ನಾಲ್ಕು ನಿಮಿಷ.

"ಉಳೀತೀನಾ ಮೇಡಂ?"

"ಇಲ್ಲ ಸರ್. ಅವನು ಉಳಿದ್ರೆ ನನ್ನ ಹತ್ರ ಕಥೆಯೇ ಇಲ್ಲ. ಸೋಮವಾರದೊಳಗೆ ಹೇಳ್ಬಿಡಿ. ಇಲ್ಲಾಂದ್ರೆ ಬೇರೆಯವ್ರನ್ನ ನೋಡ್ಬೇಕಾಗುತ್ತೆ."

ಐವತ್ತೇಳು ತುಂಬಿದ ಮೇಲೆ ಇಂಥದ್ದು ಇನ್ನೊಮ್ಮೆ ಬಾಗಿಲಿಗೆ ಬರುವುದಿಲ್ಲ. ಇದನ್ನು ಮಾಡಬಲ್ಲೆ ಎಂಬುದರಲ್ಲಿ ಅವನಿಗೆ ಅನುಮಾನವೇ ಇರಲಿಲ್ಲ. ಅಡ್ಡ ಇದ್ದದ್ದು ಆ ಮಾತೊಂದೇ.

ಮನೆಗೆ ಬಂದಾಗ ಪಟಾಲಮ್ಮ ನೆನೆಸಿದ ಅವರೆಕಾಳು ಹಿಸುಕುತ್ತಿದ್ದಳು.

"ಅಮ್ಮ, ನಾನು ಕೊಟ್ಟ ಮಾತು ವಾಪಸ್ ಕೊಡ್ತೀಯಾ?"

"ಅದೇನ್ ಸೇರು ಪಾವಾ, ಈಸ್ಕೊಂಡು ವಾಪಸ್ ಕೊಡಕ್ಕೆ?"

ಅವನು ಕಥೆ ಪೂರ್ತಿ ಹೇಳಿದ. ಅವಳು ಕಾಳು ಹಿಸುಕುತ್ತಲೇ ಕೇಳಿದಳು.

"ನಾನೂ ಬರ್ತೀನಿ. ನಾನು ಎದುರಿಗೆ ಕೂತಿದ್ರೆ ನೀನು ಹೆಂಗೆ ಸಾಯ್ತೀಯೋ ನೋಡಣ. ನಿನ್ ಕೈಲಾಗಲ್ಲ."

"ಬಾ" ಎಂದ ಮುನಿಶಾಮಿ.

ಶೂಟಿಂಗಿನ ಬೆಳಿಗ್ಗೆ ಮಾರುಕಟ್ಟೆಯಲ್ಲಿ ಹೂವಿನ ಅಂಗಡಿಯ ಅಕ್ತರ್ ಭಾಯಿ ಕ್ಯಾಮೆರಾದ ಪಕ್ಕದಲ್ಲಿ ಅವಳಿಗೊಂದು ಕುರ್ಚಿ ಹಾಕಿದ. "ಕುಂತ್ಕೊಳ್ಳಿ ಅಮ್ಮಾ. ಎರಡು ವಾರ ನನ್ ಹತ್ರ ಹೂವು ಕಟ್ಟೋದು ಕಲ್ತಿದ್ದಾರೆ ನಿಮ್ ಮಗ. ಇನ್ನೂ ಸ್ವಲ್ಪ ಸ್ಲೋ."

ಮುನಿಶಾಮಿ ಕಾಲಿನ ಹೆಬ್ಬೆರಳಿಗೆ ದಾರ ಸಿಕ್ಕಿಸಿಕೊಂಡು ಕನಕಾಂಬರ ಕಟ್ಟತೊಡಗಿದ. ಒಂದು ಗಂಟು, ಇನ್ನೊಂದು ಗಂಟು. ಮೂರನೆಯದಕ್ಕೆ ಕೈ ನಿಧಾನವಾಯಿತು. ತಲೆಯೆತ್ತಿ ತಾಯಿಯನ್ನೇ ನೋಡಿದ. ನೋಡುತ್ತ ನೋಡುತ್ತ ಅವನ ಕಣ್ಣಲ್ಲಿ ಅವಳು ಇಲ್ಲವಾದಳು. ಹೆಬ್ಬೆರಳಿನಿಂದ ದಾರ ಜಾರಿತು.

"ಮುನಿಯಾ" ಎಂದು ಪಟಾಲಮ್ಮ ಕುರ್ಚಿ ಬಿಟ್ಟೆದ್ದಳು. ಅವನ ರೆಪ್ಪೆ ಅಲುಗಲಿಲ್ಲ. ಅವಳು ಎರಡು ಹೆಜ್ಜೆ ಮುಂದೆ ಬಂದಳು. ರಮ್ಯಶ್ರೀ ಅವಳ ತೋಳು ಹಿಡಿದು ನಿಲ್ಲಿಸಿ, ಕ್ಯಾಮೆರಾ ಓಡುತ್ತಿರುವಾಗಲೇ ಮೆಲ್ಲಗೆ ಹೇಳಿದಳು: "ಸರ್, ಈಗ ನಗಿ."

ಮುನಿಶಾಮಿ ನೆಟ್ಟಗೆ ಕೂತು ಕ್ಯಾಮೆರಾದ ಕಡೆ ತಿರುಗಿ ಬಾಯಿ ತುಂಬ ನಕ್ಕ.

"ಅವತ್ತೂ ಹಿಂಗೇ ನಕ್ಕಿದ್ದಾ?" ಪಟಾಲಮ್ಮ ಕೇಳಿದಳು.

"ಹಿಂಗೇ ಕಣಮ್ಮ."

ಅವಳು ಸೆರಗಿನಿಂದ ಮುಖ ಒರೆಸಿಕೊಂಡು ಹೋಗಿ ಕುರ್ಚಿಯಲ್ಲಿ ಕೂತಳು.

"ಸತ್ತ ಮೇಲೂ ನಿನ್ ಹೊಟ್ಟೆ ಉಸಿರಿಗೆ ಆಡ್ತಿತ್ತು ಕಣೋ" ಎಂದಳು. "ಇನ್ನೊಂದ್ಸಲ ಸರಿಯಾಗಿ ಸಾಯಿ."

ರಮ್ಯಶ್ರೀ ಮಾನಿಟರ್ ನೋಡಿದಳು. ಆಡುತ್ತಿತ್ತು.

ಆ ಬೆಳಿಗ್ಗೆ ಮುನಿಶಾಮಿ ಎರಡು ಸಲ ಸತ್ತ, ಎರಡು ಸಲ ನಕ್ಕ. ಪಟಾಲಮ್ಮ ಎದುರಿಗೇ ಕೂತಿದ್ದಳು. ಕೊಟ್ಟ ಮಾತು ಮುರಿಯಿತು.