ಒಂಬತ್ತನೇ ಪುಟ ಯಾರದು

ನಾನು ಒಂದು ಕಡತ. ಹುಬ್ಬಳ್ಳಿಯ ಒಂದು ಓಣಿಯಲ್ಲಿ ಕಂದು ರಟ್ಟನ್ನು ಕತ್ತರಿಸಿ, ಮಡಚಿ, ತೂತು ಹೊಡೆದು ನನ್ನನ್ನು ಮಾಡಿದರು. ನನ್ನಂಥ ನೂರು ಕಡತಗಳ ಕಟ್ಟು ಒಂದು ತಾಲ್ಲೂಕಿನ ಶಿಕ್ಷಣ ಕಚೇರಿಗೆ ಬಂತು. ಆರು ತಿಂಗಳು ಬೀರುವಿನಲ್ಲಿ ಖಾಲಿ ಹೊಟ್ಟೆಯಲ್ಲಿ ಬಿದ್ದಿದ್ದೆ. ಜೂನ್ ತಿಂಗಳ ಒಂದು ಬೆಳಿಗ್ಗೆ ಗುಮಾಸ್ತ ಮಹಾಂತೇಶ ನನ್ನ ಮೈಮೇಲೆ ದಪ್ಪಕ್ಷರದಲ್ಲಿ ಬರೆದರು: ‘ಶ್ರೀಮತಿ ನೀಲಮ್ಮ ಬಡಿಗೇರ, ಸಹಶಿಕ್ಷಕಿ. ವರ್ಗಾವಣೆ ಕೋರಿಕೆ.’

ನೀಲಮ್ಮ ಟೀಚರಿಗೆ ಆಗ ಮೂವತ್ತೆರಡು ವರ್ಷ. ಎರಡು ಬಸ್ಸು ಬದಲಿಸಿ ಹೋಗಬೇಕಾದ ಹಳ್ಳಿಯಲ್ಲಿ ಪಾಠ ಹೇಳುತ್ತಿದ್ದರು. ಹಿಂದಿನ ವರ್ಷ ಅವರ ಮಗು ಹುಟ್ಟಿದ ಮೂರನೇ ದಿನಕ್ಕೆ ತೀರಿಕೊಂಡಿತ್ತು. ಆಮೇಲೆ ಅವರು ಊಟ ಬಿಟ್ಟರು, ಮಾತು ಬಿಟ್ಟರು, ಎರಡು ತಿಂಗಳು ಆಸ್ಪತ್ರೆಯಲ್ಲಿದ್ದರು. ಚೇತರಿಸಿಕೊಂಡು ಶಾಲೆಗೆ ಮರಳಿದರೂ ಹದಿನೈದು ದಿನಕ್ಕೊಮ್ಮೆ ಪಟ್ಟಣದ ಮಾನಸಿಕ ವೈದ್ಯರನ್ನು ಕಾಣಲೇಬೇಕಿತ್ತು. ಇದೆಲ್ಲ ಬರೆದಿದ್ದ ವೈದ್ಯಕೀಯ ಪ್ರಮಾಣಪತ್ರ ನನ್ನ ಒಂಬತ್ತನೇ ಪುಟವಾಯಿತು.

ಅದನ್ನು ಕೊಡುವಾಗ ಟೀಚರು ಹಾಳೆಯನ್ನು ಮಡಚಿಯೇ ಹಿಡಿದಿದ್ದರು. “ಇದನ್ನ ಯಾರೂ ನೋಡೂದಿಲ್ಲಲ್ರಿ?”

“ಕಡತದಾಗ ಹೋತಂದ್ರ ಮುಗೀತ್ರಿ ಅಕ್ಕೋರ. ಯಾರ್ ನೋಡ್ತಾರ?” ಎಂದರು ಮಹಾಂತೇಶ.

ಆಗಸ್ಟಿನಲ್ಲಿ ಆದೇಶ ಬಂತು. ಟೀಚರು ಪಟ್ಟಣದ ಶಾಲೆಗೆ ಬಂದರು, ನಾನು ಕಪಾಟು ಸೇರಿದೆ.

ಮರುವರ್ಷ ನನ್ನನ್ನು ಹುಡುಕಿಕೊಂಡು ಮಾಹಿತಿ ಹಕ್ಕಿನ ಅರ್ಜಿಯೊಂದು ಬಂತು. ಹಾಕಿದವರು ಫಕೀರಪ್ಪ ತಳವಾರ ಎಂಬ ಮಾಸ್ತರು. ಗಡಿಯ ಹಳ್ಳಿಯಲ್ಲಿ ಒಂಬತ್ತು ವರ್ಷ ದುಡಿದವರು. ಕಿವಿ ಕೇಳದ ಮಗಳನ್ನು ಪಟ್ಟಣದ ವಿಶೇಷ ಶಾಲೆಯ ವಸತಿಯಲ್ಲಿ ಬಿಟ್ಟು, ತಿಂಗಳಿಗೆರಡು ಸಲ ನೋಡಿ ಬರುತ್ತಿದ್ದರು. ಅವರ ವರ್ಗಾವಣೆ ಎರಡನೇ ಸಲವೂ ಆಗಿರಲಿಲ್ಲ. ‘ನನಗಿಂತ ಕಡಿಮೆ ಸೇವೆಯ ಶಿಕ್ಷಕಿಗೆ ಹೇಗೆ ಸಿಕ್ಕಿತು? ಇಡೀ ಕಡತದ ನಕಲು ಕೊಡಿ’ ಎಂದು ಬರೆದಿದ್ದರು. ಕೇಳಿದ್ದರಲ್ಲಿ ತಪ್ಪೇನೂ ಇರಲಿಲ್ಲ.

ಮಹಾಂತೇಶ ನನ್ನನ್ನು ಬಿಚ್ಚಿ ಝೆರಾಕ್ಸ್ ಯಂತ್ರದ ಬಳಿ ಹರಡಿದರು. ಎಂಟು ಪುಟ ಮುಗಿದಿತ್ತು. ಮಾಹಿತಿ ಅಧಿಕಾರಿಯಾಗಿದ್ದ ಕುಂಬಾರ ಸಾಹೇಬರು ಆ ದಾರಿಯಲ್ಲಿ ಬಂದವರು ಒಂಬತ್ತನೆಯದನ್ನು ಕೈಗೆತ್ತಿಕೊಂಡರು.

“ಇದು ಯಾರದು?”

“ನಮ್ಮ ಆಫೀಸಿಂದ್ರಿ ಸಾಹೇಬ್ರ.”

“ಆಫೀಸಿಂದು ರಟ್ಟು. ಇದು ಆ ಅಕ್ಕೋರದು. ಅವರನ್ನ ಕೇಳೀಯೇನು?”

ಮಹಾಂತೇಶ ಕೇಳಿರಲಿಲ್ಲ. ಕುಂಬಾರ ಸಾಹೇಬರು ಅಂದೇ ನೋಟೀಸು ಬರೆಸಿದರು. ಕೊಡುವವರು, ಕೇಳುವವರು ಇಬ್ಬರೂ ಅಲ್ಲದ, ಆದರೆ ಕಾಗದದಲ್ಲಿರುವ ಆ ಜೀವಕ್ಕೆ ಕಾನೂನು ‘ಮೂರನೇ ವ್ಯಕ್ತಿ’ ಎನ್ನುತ್ತದೆ. ಅರ್ಜಿ ಬಂದ ಐದು ದಿನದೊಳಗೆ ಅವರಿಗೆ ತಿಳಿಸಬೇಕು. ಹೇಳುವುದಿದ್ದರೆ ಹೇಳಲು ಹತ್ತು ದಿನ ಕೊಡಬೇಕು.

ನೀಲಮ್ಮ ಟೀಚರು ನೋಟೀಸು ಹಿಡಿದು ಓಡಿಬಂದರು. “ಇದು ಹೊರಗ ಹೋತಂದ್ರ ನಾಳೆ ಯಾರೂ ತಮ್ಮ ಮಕ್ಕಳನ್ನ ನನ್ನ ಕ್ಲಾಸಿಗೆ ಕಳಸೂದಿಲ್ರಿ. ಹುಚ್ಚಿ ಅಂತಾರ. ಆ ಹಾಳಿ ಹರದು ಒಗೀರಿ ಸಾಹೇಬ್ರ.”

“ಹರಿಯಾಕ ಬರೂದಿಲ್ರಿ. ಕುಂದರ್ರಿ, ನೀರು ಕುಡೀರಿ. ನಿಮಗ ಏನ್ ಅನಸ್ತದ ಅದನ್ನ ಬರದು ಕೊಡ್ರಿ. ತೀರ್ಮಾನ ಮಾಡಾಂವ ನಾನು. ಆದ್ರ ನೀವು ಬರದದ್ದು ಓದದ ಮಾಡೂದಿಲ್ಲ.”

ಟೀಚರು ಬಹಳ ಹೊತ್ತು ಪೆನ್ನು ಹಿಡಿದು ಕೂತರು. ಕೊನೆಗೆ ಬರೆದದ್ದು ನಾಲ್ಕೇ ಸಾಲು. ‘ಆದೇಶ ಕೊಡಿ, ಪಟ್ಟಿ ಕೊಡಿ, ಅವರು ಕೇಳುವುದು ನ್ಯಾಯ. ನನ್ನ ಕಾಯಿಲೆಯ ಕಾಗದ ಮಾತ್ರ ಕೊಡಬೇಡಿ.’ ಕೊನೆಯ ಸಾಲಿನಲ್ಲಿ ಶಾಯಿ ನೆನೆದು ಹರಡಿತ್ತು.

ಸಾಹೇಬರು ಹಾಗೆಯೇ ಆದೇಶ ಮಾಡಿ ಇಬ್ಬರಿಗೂ ಕಳುಹಿಸಿದರು. ಫಕೀರಪ್ಪ ಮಾಸ್ತರಿಗೆ ಒಂಬತ್ತನೆಯದೊಂದು ಬಿಟ್ಟು ಎಲ್ಲ ಪುಟಗಳೂ ಸಿಕ್ಕವು. ಸಿಗದ ಆ ಒಂದು ಪುಟದ ಮೇಲೆಯೇ ಅವರ ಸಿಟ್ಟು ಕೂತಿತು. ಮೇಲ್ಮನವಿ ಹಾಕಿದರು.

ಮಹಾಂತೇಶರ ಚೀಲದಲ್ಲಿ ಕೂತು ನಾನು ಜಿಲ್ಲಾ ಕಚೇರಿಗೆ ಹೋದೆ. ಅಲ್ಲಿ ಮೇಲ್ಮನವಿ ಕೇಳುವ ಅಧಿಕಾರಿ ಒಬ್ಬ ಹೆಂಗಸು. ಎದುರಿನ ಬೆಂಚಿನ ಈ ತುದಿಗೆ ನೀಲಮ್ಮ ಟೀಚರು, ಆ ತುದಿಗೆ ಫಕೀರಪ್ಪ ಮಾಸ್ತರು, ಮೇಜಿನ ಪಕ್ಕ ಕುಂಬಾರ ಸಾಹೇಬರು.

“ಸರ್ಟಿಫಿಕೇಟು ಖರೇ ಐತೋ ಸುಳ್ಳೈತೋ ನಾ ನೋಡಬಾರದೇನ್ರಿ ಮೇಡಂ?” ಎಂದರು ಮಾಸ್ತರು.

“ಖರೇ ಐತೇನು ಅಂತ ನೋಡೂದು ನನ್ನ ಕೆಲಸ. ಜಡ್ಡು ಏನು ಅನ್ನೂದು ಅವರದು.”

ಮೇಡಂ ಒಂಬತ್ತನೇ ಪುಟವನ್ನು ಮನಸ್ಸಿನಲ್ಲೇ ಓದಿದರು. ವೈದ್ಯಕೀಯ ಮಂಡಳಿಯ ಮೊಹರು, ಸಹಿ ಎಲ್ಲ ನೋಡಿ “ಖರೇ ಐತಿ, ನಿಯಮದ ಪ್ರಕಾರನೂ ಐತಿ” ಎಂದರು. ಆಮೇಲೆ ನನ್ನ ಉಳಿದ ಹಾಳೆಗಳನ್ನು ತಿರುವುತ್ತ ಹದಿನಾಲ್ಕರಲ್ಲಿ ನಿಂತರು. ಅದು ಪಟ್ಟಣದ ಶಾಲೆಯಲ್ಲಿ ಖಾಲಿಯಿದ್ದ ಹುದ್ದೆಗಳ ಪಟ್ಟಿ.

“ಕುಂಬಾರರ, ಇಲ್ಲಿ ಎರಡು ಜಾಗಾ ಖಾಲಿ ಅದಾವಲ್ಲ? ಒಂದು ಈ ಅಕ್ಕೋರಿಗೆ ಹೋತು. ಇನ್ನೊಂದು?”

ಸಾಹೇಬರು ಬಗ್ಗಿ ನೋಡಿದರು. “ಯಾರಿಗೂ ಕೊಟ್ಟಿಲ್ರಿ... ಬಿಟ್ಟು ಹೋಗೇತಿ. ತಪ್ಪು ನಮ್ಮದು.”

ಆ ಪುಟದ ನಕಲು ಒಂದು ತಿಂಗಳಿಂದ ಮಾಸ್ತರ ಚೀಲದಲ್ಲೇ ಇತ್ತು. ಕೊಡದ ಪುಟದ ಸಿಟ್ಟಿನಲ್ಲಿ ಕೊಟ್ಟ ಪುಟವನ್ನು ಅವರು ನೋಡಿರಲೇ ಇಲ್ಲ. ಈಗ ತೆಗೆದು ನೋಡಿದರು, ಕಣ್ಣೊರೆಸಿಕೊಂಡು ಮತ್ತೆ ನೋಡಿದರು. ಹೊರಗೆ ಪಡಸಾಲೆಯಲ್ಲಿ ಟೀಚರ ಎದುರು ನಿಂತು ಹೇಳಿದರು: “ನಿಮ್ಮ ಜಡ್ಡು ಕಟಗೊಂಡು ನನಗೇನ್ ಆಗಬೇಕಿತ್ರಿ? ನನಗ ನನ್ನ ಮಗಳು ಬೇಕಾಗಿದ್ಲು. ತಪ್ಪು ತಿಳೀಬ್ಯಾಡ್ರಿ.”

ಎರಡು ತಿಂಗಳಲ್ಲಿ ಅವರಿಗೂ ಪಟ್ಟಣದ ಆದೇಶವಾಯಿತು. ಇಬ್ಬರೂ ಒಂದೇ ಶಾಲೆಯಲ್ಲಿ ಪಾಠ ಹೇಳುತ್ತಾರೆ.

ಈಗ ನನಗೆ ವಯಸ್ಸಾಗಿದೆ. ರೆಕಾರ್ಡ್ ರೂಮಿನ ಕೆಳಗಿನ ಹಲಗೆಯಲ್ಲಿದ್ದೇನೆ. ಅಂಚು ಸವೆದಿದೆ, ದಾರ ಎರಡು ಸಲ ಬದಲಾಗಿದೆ. ನನ್ನೊಳಗಿನ ಹಾಳೆಗಳೆಲ್ಲ ನನ್ನವೆಂದು ಮೊದಲು ತಿಳಿದಿದ್ದೆ. ನಾನು ಇಟ್ಟುಕೊಂಡವನಷ್ಟೇ.

ಹೋದ ತಿಂಗಳು ನೀಲಮ್ಮ ಟೀಚರು ಬಂದಿದ್ದರು. ಶಾಲೆಗೆ ಹೊಸದಾಗಿ ಬಂದ ಟೀಚರೊಬ್ಬಳು ಹೆರಿಗೆಯಾದ ಮೇಲೆ ಮಂಕಾಗಿ ಕೂತಿದ್ದಾಳಂತೆ. ಆಸ್ಪತ್ರೆಗೆ ಕರೆದರೆ ನಾಚಿಕೆಪಡುತ್ತಾಳಂತೆ. ಅವಳಿಗೆ ತೋರಿಸಲು ಟೀಚರಿಗೆ ತಮ್ಮ ಆ ಪ್ರಮಾಣಪತ್ರದ ನಕಲು ಬೇಕಿತ್ತು. ಮನೆಯಲ್ಲಿದ್ದ ಪ್ರತಿ ಕಳೆದುಹೋಗಿತ್ತು. ತಾವೇ ಅರ್ಜಿ ಬರೆದು ತಂದಿದ್ದರು.

ಕೂದಲು ನೆರೆತ ಮಹಾಂತೇಶ ನನ್ನ ಧೂಳು ಒರೆಸುತ್ತ ಕೇಳಿದರು: “ಮತ್ತ ಮೂರನೇ ವ್ಯಕ್ತಿಗೆ ನೋಟೀಸು ಕಳಸಬೇಕಲ್ರಿ ಅಕ್ಕೋರ?”

ಟೀಚರು ನಕ್ಕರು. “ಕಳಸ್ರಿ. ಆಕಿ ಹೂಂ ಅಂತಾಳ.”