ಅಕ್ಕ ಹಾಕಿದ ಸಹಿ

ಪಂಚಾಯ್ತಿ ಚುನಾವಣೆಗೆ ಸಲ್ಲಿಸಿದ ನಾಮಪತ್ರ ತಿರಸ್ಕೃತವಾಗಿದೆ ಎಂಬ ಕಾಗದ ಕೈಗೆ ಬಂದಾಗ ಟೈಲರಮ್ಮ ಅಳಲಿಲ್ಲ. ಕತ್ತರಿ ಕೆಳಗಿಟ್ಟು ನೇರ ವಕೀಲರ ಬಾಗಿಲು ತಟ್ಟಿದಳು. ಕಾರಣ ಒಂದೇ ಸಾಲು: ಸೂಚಕಿಯ ಸಹಿ ಕಚೇರಿಯ ದಾಖಲೆಗೆ ತಾಳೆಯಾಗುವುದಿಲ್ಲ. ಅವಳ ಹೆಸರು ಸೂಚಿಸಿದ ಆ ಸೂಚಕಿ ಬೇರೆ ಯಾರೂ ಅಲ್ಲ, ಒಡಹುಟ್ಟಿದ ಅಕ್ಕ. ಟೈಲರಮ್ಮನ ಕಣ್ಣೆದುರೇ, ಹೊಲಿಗೆ ಮೆಷಿನ್ನಿನ ಹಲಗೆಯ ಮೇಲೆ, ನಾಲಿಗೆ ಕಚ್ಚಿಕೊಂಡು ಐದು ನಿಮಿಷ ಹಿಡಿದು ಹಾಕಿದ ಸಹಿ ಅದು. ಸುಳ್ಳಂತೆ! "ಇದೆಲ್ಲ ಹಳೇ ಅಧ್ಯಕ್ಷನ ಕೈವಾಡ" ಎಂದು ಬೀದಿಯುದ್ದಕ್ಕೂ ಸಾರಿಕೊಂಡೇ ಬಂದಿದ್ದಳು.

"ಇವತ್ತೇ ಆದೇಶ ಆಗ್ಬೇಕು," ಎಂದರು ವಕೀಲರು ಕೋರ್ಟಿನ ಪಡಸಾಲೆಯಲ್ಲಿ. "ಸಂಜೆ ಮತಪತ್ರ ಅಚ್ಚಿಗೆ ಹೋಗುತ್ತೆ. ಆಮೇಲೆ ಯಾರಪ್ಪ ಬಂದ್ರೂ ನಿಮ್ಮ ಹೆಸರು ಸೇರಲ್ಲ."

ಅಕ್ಕ ಬೆಂಚಿನ ತುದಿಯಲ್ಲಿ ಮುದುರಿಕೊಂಡಿದ್ದಳು. "ಜಡ್ಜು ಬೈತಾರೇನೇ?"

"ಬೈಯೋಕೆ ನೀನೇನು ಕಳ್ಳಿಯಾ? ಸುಮ್ನಿರೇ ಪುಕ್ಕಲಿ."

ಒಳಗೆ ಎದುರು ವಕೀಲರು ಕಡತ ಬಿಚ್ಚಿ ಒಂದೊಂದೇ ಹಾಳೆಯನ್ನು ಮೇಜಿನ ಮೇಲಿಟ್ಟರು. ನಲ್ಲಿ ಸಂಪರ್ಕದ ಅರ್ಜಿ, ಮತದಾರರ ಪಟ್ಟಿಯ ಅರ್ಜಿ, ಬೀದಿದೀಪದ ದೂರು. ಹತ್ತು ವರ್ಷದ ಕಾಗದ. ಎಲ್ಲದರಲ್ಲೂ ಅಕ್ಕನ ಹೆಸರು, ಬಾಲ ಎಳೆದ ಚುರುಕು ಸಹಿ.

ಟೈಲರಮ್ಮ ಬಗ್ಗಿ ನೋಡಿದಳು. ಅಷ್ಟೂ ತನ್ನದೇ ಕೈಬರಹ!

ಕಚೇರಿಯ ಸಾಲಿನಲ್ಲಿ ಅಕ್ಕ ಅಕ್ಷರ ಕೂಡಿಸುತ್ತ ನಿಂತರೆ ಹಿಂದಿನವರು ಗೊಣಗುವರು. "ಕೊಡೇ ಇಲ್ಲಿ" ಎಂದು ಟೈಲರಮ್ಮ ಪೆನ್ನು ಕಿತ್ತುಕೊಂಡು ತಾನೇ ಗೀಚುವಳು. ಅಕ್ಕನ ಸೂಜಿಗೆ ದಾರ ಪೋಣಿಸಿಕೊಟ್ಟಷ್ಟೇ ಸಲೀಸು. ತಪ್ಪೆಂದು ಒಂದು ದಿನವೂ ಹೊಳೆದಿರಲಿಲ್ಲ. ಈ ಸಲ ಮಾತ್ರ ಅಕ್ಕ ಹಟ ಹಿಡಿದಿದ್ದಳು: "ನೀನು ನಿಲ್ಲೋ ಚುನಾವಣೆ ಕಣೇ, ನಾನೇ ಹಾಕ್ತೀನಿ." ವಾರವಿಡೀ ಅಳತೆ ಕಾಗದದ ಚೂರುಗಳ ಮೇಲೆ ತಿದ್ದಿ ತಿದ್ದಿ ಕಲಿತಿದ್ದಳು.

ಜಡ್ಜು ಅಕ್ಕನನ್ನು ಕರೆದು ಬಿಳಿ ಹಾಳೆ ಕೊಟ್ಟರು. ಫ್ಯಾನು ಕಿರುಗುಟ್ಟುತ್ತಿತ್ತು. ಅಕ್ಕ ಬರೆದಳು, ಇರುವೆ ಸಾಲು ಹರಿದಂತೆ. ನಾಮಪತ್ರದ ಸಹಿಯ ಪಕ್ಕದಲ್ಲಿಟ್ಟರೆ ಅವಳಿಜವಳಿ.

"ಹಾಗಾದ್ರೆ ಇವು ಯಾರ ಸಹಿ?" ಜಡ್ಜು ಹಳೆಯ ಹಾಳೆಗಳನ್ನು ಎತ್ತಿದರು.

ಅಕ್ಕ ತಂಗಿಯ ಕಡೆ ಒಮ್ಮೆ ನೋಡಿ, "ಅವೂ ನಂದೇ ಸ್ವಾಮಿ," ಎಂದಳು. "ಆಗ ಕೈ ಚುರುಕಾಗಿತ್ತು."

"ಇದು ಎರಡು ತಿಂಗಳ ಹಿಂದಿಂದು. ಎಲ್ಲಿ, ಹೀಗೇ ಒಂದು ಹಾಕಿ."

ಪೆನ್ನು ಹಾಳೆಯ ಮೇಲೆ ನಿಂತೇ ಇತ್ತು. ಹಿಂದೆ ಯಾರೋ ಕಿಸಕ್ಕೆಂದರು.

"ನೋಡಿ ಅಮ್ಮಾ, ಇದರಲ್ಲಿ ಸುಳ್ಳು ಹೇಳಿದ್ರೆ ನಾಮಪತ್ರದ ಸಹಿನೂ ನಾನು ನಂಬೋಕಾಗಲ್ಲ."

ಟೈಲರಮ್ಮ ಎದ್ದು ನಿಂತಳು. ಅವಳ ವಕೀಲರು ತೋಳು ಹಿಡಿದು ಜಗ್ಗಿದರು: "ಕೂತ್ಕೊಳ್ರೀ, ಹಾಳಾಗಿ ಹೋಗ್ತೀರಿ!"

"ಆ ಹಳೇವೆಲ್ಲ ನಾನು ಹಾಕಿದ್ದು ಸ್ವಾಮಿ. ಅಕ್ಕ ಹಾಕಿದ್ದು ಇದೊಂದೇ."

ಜಡ್ಜು ಬಹಳ ಹೊತ್ತು ಬರೆದು, ಒಂದೇ ಉಸಿರಿನಲ್ಲಿ ಓದಿದರು: ನಾಮಪತ್ರದ ಸಹಿ ಅಸಲಿ, ತಿರಸ್ಕಾರ ರದ್ದು, ಹೆಸರನ್ನು ಮತಪತ್ರದಲ್ಲಿ ಸೇರಿಸತಕ್ಕದ್ದು, ಹಳೆಯ ಅರ್ಜಿಗಳ ವಿಚಾರ ಪೊಲೀಸರ ತನಿಖೆಗೆ.

ಹೊರಗೆ ಬಂದ ಮೇಲೆ ಟೈಲರಮ್ಮನನ್ನು ಅಕ್ಕ ಭುಜ ಹಿಡಿದು ಅಲ್ಲಾಡಿಸಿದಳು. "ನಂದೇ ಅಂತ ಹೇಳ್ತಾ ಇದ್ನಲ್ಲೇ! ನೀನ್ಯಾಕೆ ಬಾಯಿ ಬಿಟ್ಟೆ? ಜೈಲಿಗೆ ಹಾಕಿದ್ರೆ?"

"ಬಿಡದಿದ್ರೆ ನೀನು ಹಾಕಿದ ಒಂದೇ ಒಂದು ಸಹಿ ಸುಳ್ಳಾಗ್ತಿತ್ತಲ್ಲೇ ಅಕ್ಕ," ಎಂದು ಟೈಲರಮ್ಮ ಮೆಟ್ಟಿಲ ಮೇಲೆ ಕೂತಳು.